ಸಂಪಾದಕರ ಉತ್ತರ: ಹೆಸರನ್ನು ಬರೆದುಕೊಂಡವರು ಯಾರು?

ಮಾನ್ಯರೇ,

ನಿಮ್ಮ ಪತ್ರ ತಲುಪಿದೆ. ಹೆಸರು ಪ್ರಕಟಿಸಬೇಡಿ ಎಂದು ಕೋರಿದ್ದೀರಿ. ಹೆಸರುಗಳ ಬಗ್ಗೆಯೇ ನಾಲ್ಕು ಪುಟ ಬರೆದವರು ತಮ್ಮ ಹೆಸರನ್ನು ಮರೆಮಾಡಲು ಹೇಳಿದ್ದು ಸ್ವಾರಸ್ಯವೆನಿಸಿತು. ಇರಲಿ, ಕೋರಿಕೆಯನ್ನು ಪಾಲಿಸಿದ್ದೇವೆ. ಉಳಿದ ಓದುಗರಿಗಾಗಿ ನಿಮ್ಮ ಪತ್ರದ ತಿರುಳನ್ನು ಹೇಳಿಬಿಡುತ್ತೇನೆ. ಹುಟ್ಟಲಿರುವ ಮೊಮ್ಮಗುವಿಗಾಗಿ ನೀವು ಹೆಸರುಗಳ ಅರ್ಥ ಕೊಡುವ ಪುಸ್ತಕಗಳನ್ನು ತಿರುವಿಹಾಕಿದ್ದೀರಿ. ಒಂದೇ ಹೆಸರಿಗೆ ಒಂದೊಂದರಲ್ಲಿ ಒಂದೊಂದು ಅರ್ಥ. ಬೇಸತ್ತು ನಮಗೆ ಕೇಳಿದ್ದೀರಿ: ಯಾವುದನ್ನು ನಂಬಬೇಕು? ಕುಲನಾಮದ ಅರ್ಥ ತಿಳಿದರೆ ವಂಶದ ಮೂಲ ತಿಳಿದಂತೆಯೇ? ಒಂದೇ ಕುಲನಾಮದವರೆಲ್ಲ ನೆಂಟರೇ? ಕುಲನಾಮವೇ ಇಲ್ಲದವರು ಏನು ಮಾಡುತ್ತಾರೆ? ಕೊನೆಗೆ, "ಅರ್ಥವಿಲ್ಲದ ಹೆಸರು ಹೆಸರೇ ಅಲ್ಲ" ಎಂದು ತೀರ್ಪನ್ನೂ ಕೊಟ್ಟಿದ್ದೀರಿ.

ಆ ತೀರ್ಪನ್ನು ನಾನು ಒಪ್ಪುವುದಿಲ್ಲ. ಹೆಸರಿನ ಅರ್ಥ ಹುಡುಕುವ ಮುನ್ನ ಅದನ್ನು ಯಾರು, ಯಾವಾಗ, ಯಾತಕ್ಕೆ ಬರೆದುಕೊಂಡರು ಎಂದು ಕೇಳಬೇಕು. ಕೂಸಿಗೆ ಹೆಸರಿಡುವವರು ಅದನ್ನು ಎತ್ತಿ ಆಡಿಸುವವರು. ಕುಲನಾಮವನ್ನು ಗಟ್ಟಿಮಾಡಿದವರು ಬಹುಮಟ್ಟಿಗೆ ತಲೆ ಎಣಿಸುವವರು. ಎರಡಕ್ಕೂ ಒಂದೇ ಪುಸ್ತಕದಲ್ಲಿ ಅರ್ಥ ಹುಡುಕಿದರೆ ಗೊಂದಲವಾಗದೆ ಇನ್ನೇನಾದೀತು?

ಎಣಿಕೆಯ ಮಾತನ್ನು ಸುಮ್ಮನೆ ಆಡುತ್ತಿಲ್ಲ. ಬರವಣಿಗೆಯಲ್ಲಿ ಉಳಿದುಬಂದ ಅತಿ ಹಳೆಯ ಹೆಸರುಗಳಲ್ಲಿ ಒಂದು 'ಕುಶಿಮ್'. ಮೆಸೊಪೊಟೇಮಿಯಾದ ಐದು ಸಾವಿರ ವರ್ಷಕ್ಕೂ ಹಿಂದಿನ ಮಣ್ಣಿನ ಫಲಕವೊಂದರಲ್ಲಿ 37 ತಿಂಗಳು, 29,086 ಅಳತೆ ಬಾರ್ಲಿ ಎಂಬ ಲೆಕ್ಕದ ಜೊತೆಗೆ ಆ ಹೆಸರಿದೆ. ಅದು ವ್ಯಕ್ತಿಯ ಹೆಸರೋ ಹುದ್ದೆಯ ಹೆಸರೋ ಎಂಬ ಬಗ್ಗೆ ವಿದ್ವಾಂಸರಲ್ಲಿ ಒಮ್ಮತವಿಲ್ಲ. ಎರಡರಲ್ಲಿ ಯಾವುದೇ ಆದರೂ ಮೊದಲು ದಾಖಲಾದದ್ದು ಅರಸನೂ ಅಲ್ಲ, ಕವಿಯೂ ಅಲ್ಲ, ಕಣಜದ ಲೆಕ್ಕದವನು.

ಕುಲನಾಮ ಅನಾದಿಯಿಂದ ಬಂದದ್ದು ಎಂದು ಬಹಳ ಮಂದಿ ನಂಬಿದ್ದಾರೆ. ಚೀನಾದಲ್ಲಿ ಅದು ನಿಜಕ್ಕೂ ಬಲು ಹಳೆಯದು. ಬೇರೆ ಹಲವು ಕಡೆ ಅದಕ್ಕೆ ಇಸವಿ ಹೇಳಬಹುದು. ಜಪಾನಿನಲ್ಲಿ ಸಾಮಾನ್ಯ ಜನರಿಗೆ ಕುಲನಾಮ ಕಡ್ಡಾಯವಾದದ್ದು 1875ರಲ್ಲಿ. ಥಾಯ್ಲೆಂಡಿನಲ್ಲಿ ರಾಜ ವಜಿರಾವುಧ್ 1913ರಲ್ಲಿ ಕಾಯಿದೆ ಮಾಡಿ, ಆರು ಸಾವಿರಕ್ಕೂ ಹೆಚ್ಚು ಮನೆತನಗಳಿಗೆ ತಾನೇ ಹೆಸರು ಕಟ್ಟಿಕೊಟ್ಟ. ಟರ್ಕಿಯಲ್ಲಿ 1934ರ ಕಾಯಿದೆ ಬಂತು. ಮುಸ್ತಫಾ ಕೆಮಾಲ್ ಆಗ 'ಅತಾತುರ್ಕ್', ಎಂದರೆ ತುರ್ಕರ ತಂದೆ, ಆದರು, ಮತ್ತು ಆ ಹೆಸರನ್ನು ಬೇರೆ ಯಾರೂ ಇಟ್ಟುಕೊಳ್ಳಕೂಡದೆಂದು ಕಾನೂನೇ ಆಯಿತು. ಅಂದರೆ ಅನೇಕ ತುರ್ಕಿ ಕುಟುಂಬಗಳ ಕುಲನಾಮಕ್ಕೆ ಇನ್ನೂ ನೂರು ವರ್ಷ ತುಂಬಿಲ್ಲ.

ಇವೆಲ್ಲಕ್ಕಿಂತ ನನಗೆ ಹೆಚ್ಚು ಕುತೂಹಲ ಹುಟ್ಟಿಸುವುದು ಫಿಲಿಪೀನ್ಸ್. ಸ್ಪೇನಿನ ಆಳ್ವಿಕೆಯ ಕಾಲದಲ್ಲಿ ಗವರ್ನರ್ ಜನರಲ್ ಆಗಿದ್ದ ಕ್ಲಾವೇರಿಯಾನಿಗೆ ಒಂದು ತಲೆನೋವಿತ್ತು: ಒಡಹುಟ್ಟಿದವರಿಗೇ ಬೇರೆ ಬೇರೆ ಕುಲನಾಮ, ಊರಿಗೆ ಊರೇ 'ದೆ ಲಾ ಕ್ರೂಸ್', 'ದೆ ಲೋಸ್ ಸಾಂತೋಸ್' ಎಂಬ ಭಕ್ತಿಯ ಹೆಸರು. ತೆರಿಗೆ ಕೊಟ್ಟವರು ಯಾರು, ತಪ್ಪಿಸಿಕೊಂಡವರು ಯಾರು ಎಂದು ತಿಳಿಯುವುದಾದರೂ ಹೇಗೆ? 1849ರಲ್ಲಿ ಅವನು ಸುಮಾರು ಅರುವತ್ತು ಸಾವಿರ ಕುಲನಾಮಗಳ ಅಕಾರಾದಿ ಪಟ್ಟಿಯನ್ನೇ ಅಚ್ಚುಹಾಕಿಸಿ ಪ್ರಾಂತ್ಯಗಳಿಗೆ ಹಂಚಿಸಿದ. ಸ್ಪ್ಯಾನಿಷ್ ಹೆಸರುಗಳು, ಗಿಡಮರಗಳ ಹೆಸರುಗಳು, ಸ್ಥಳೀಯ ಪದಗಳು, ಎಲ್ಲವೂ ಅದರಲ್ಲಿದ್ದವು. ಹಾಳೆಗಳು ಊರೂರಿಗೆ ಹೋದವು. ಜನ ತಮಗೆ ಬಂದ ಹಾಳೆಯಿಂದ ಆರಿಸಿಕೊಂಡರು. ಆದ್ದರಿಂದಲೇ ಆಲ್ಬಾಯ್ ಪ್ರಾಂತ್ಯದಲ್ಲಿ ಊರಿನವರ ಕುಲನಾಮಗಳು ಬಹುಪಾಲು ಒಂದೇ ಅಕ್ಷರದಿಂದ ಶುರುವಾಗುವ ಕಡೆಗಳು ಈಗಲೂ ಇವೆ. ಅಲ್ಲಿನವರೊಬ್ಬರು ಸ್ಪ್ಯಾನಿಷ್ ನಿಘಂಟು ತೆರೆದು ತಮ್ಮ ಕುಲನಾಮದ ಅರ್ಥ ಕಂಡುಕೊಂಡರು ಎನ್ನಿ. ಅರ್ಥ ಸರಿಯಾಗಿಯೇ ಇರುತ್ತದೆ. ವಂಶದ ಬಗ್ಗೆ ಮಾತ್ರ ಅದರಿಂದ ಏನೂ ತಿಳಿಯುವುದಿಲ್ಲ. ತಿಳಿಯುವುದು ಆ ಊರಿಗೆ ಯಾವ ಹಾಳೆ ಬಂತು ಎಂಬುದಷ್ಟೇ.

ಹೀಗೆಂದು ಎಲ್ಲವನ್ನೂ ಗುಮಾಸ್ತನ ತಲೆಗೆ ಕಟ್ಟುವುದೂ ತಪ್ಪು. ಅಮೆರಿಕದ ಎಲ್ಲಿಸ್ ದ್ವೀಪಕ್ಕೆ ಬಂದಿಳಿದ ವಲಸೆಗಾರರ ಹೆಸರುಗಳನ್ನು ಅಲ್ಲಿನ ಅಧಿಕಾರಿಗಳು ಬಾಯಿಗೆ ಬಂದಂತೆ ತಿದ್ದಿದರು ಎಂಬ ಕಥೆಯನ್ನು ನೀವೂ ಕೇಳಿರಬಹುದು. ಆ ಅಧಿಕಾರಿಗಳ ಮುಂದಿದ್ದದ್ದು ಹಡಗು ಹೊರಟ ಬಂದರಿನಲ್ಲೇ ತಯಾರಾದ ಪಟ್ಟಿ. ಅವರು ಅದನ್ನು ನೋಡಿ ಗುರುತುಹಾಕುತ್ತಿದ್ದರು. ಹೆಸರು ಬದಲಿಸಿಕೊಂಡವರು ಹೆಚ್ಚಾಗಿ ವಲಸೆಗಾರರೇ, ಅದೂ ಹೊಸ ನಾಡಿನಲ್ಲಿ ನೆಲೆನಿಂತ ಮೇಲೆ, ಕೆಲಸ ಸಿಗಲೆಂದು, ನೆರೆಯವರ ನಾಲಿಗೆಗೆ ಸುಲಭವಾಗಲೆಂದು. ನೆದರ್ಲೆಂಡ್ಸಿನದೂ ಇಂಥದ್ದೇ ಇನ್ನೊಂದು ಕಥೆ. 1811ರಲ್ಲಿ ನೆಪೋಲಿಯನ್ ಕುಲನಾಮ ನೋಂದಾಯಿಸಬೇಕೆಂದು ಆಜ್ಞೆ ಹೊರಡಿಸಿದಾಗ ಡಚ್ಚರು ಅಣಕಕ್ಕಾಗಿ 'ನಾಕ್ತ್‌ಗೆಬೋರೆನ್', ಎಂದರೆ 'ಬೆತ್ತಲೆ ಹುಟ್ಟಿದವ' ಎಂಬಂಥ ಹೆಸರುಗಳನ್ನು ಬರೆಸಿದರಂತೆ. ಚೆಲುವಾದ ಕಥೆ, ಆದರೆ ಆ ಹೆಸರು ನೆಪೋಲಿಯನ್ನನಿಗಿಂತ ಹಿಂದಿನ ದಾಖಲೆಗಳಲ್ಲೇ ಇದೆ. ಹೆಸರಿನ ವಿಷಯದಲ್ಲಿ ಕಥೆ ಹೆಚ್ಚು ಸೊಗಸಾಗಿದ್ದಷ್ಟೂ ನನ್ನ ಅನುಮಾನ ಹೆಚ್ಚುತ್ತದೆ.

ಕಸುಬಿನಿಂದ ಬಂದ ಕುಲನಾಮಗಳಲ್ಲಿ ಅರ್ಥ ನೆಚ್ಚಬಹುದಾದಷ್ಟು ಗಟ್ಟಿ. ಇಂಗ್ಲಿಷಿನ ಸ್ಮಿತ್, ಜರ್ಮನಿನ ಶ್ಮಿಟ್, ಹಂಗೇರಿಯ ಕೊವಾಚ್, ರಷ್ಯಾದ ಕುಜ್ನೆತ್ಸೋವ್, ಪೋಲೆಂಡಿನ ಕೊವಾಲ್ಸ್ಕಿ, ಅರಬ್ಬರ ಹದ್ದಾದ್, ಇಟಲಿಯ ಫೆರಾರಿ, ಎಲ್ಲದರ ಹಿಂದೆಯೂ ಕಮ್ಮಾರನೇ ಇದ್ದಾನೆ. ಲೋಕದಲ್ಲಿ ಕಮ್ಮಾರರಿಗಿಂತ ರೈತರು ಎಷ್ಟೋ ಪಾಲು ಹೆಚ್ಚಿದ್ದರಲ್ಲ, ಅವರ ಹೆಸರೇಕೆ ಅಷ್ಟು ಹರಡಲಿಲ್ಲ? ಎಲ್ಲರೂ ಉಳುವ ಊರಿನಲ್ಲಿ ಒಬ್ಬನನ್ನು 'ರೈತ' ಎಂದು ಕರೆದರೆ ಯಾರೆಂದು ತಿಳಿಯುವುದಿಲ್ಲ. ಕುಲುಮೆ ಇದ್ದದ್ದು ಒಂದೇ. ಹೆಸರು ಹುಟ್ಟುವುದು ವ್ಯತ್ಯಾಸ ತೋರಿಸಲು. ಇನ್ನೊಂದು ಮಾತು: ಇಂಗ್ಲಿಷಿನ ವೆಬ್‌ಸ್ಟರ್, ಬ್ಯಾಕ್ಸ್‌ಟರ್ ಎಂಬ ಕುಲನಾಮಗಳ ಕೊನೆಯ ಪ್ರತ್ಯಯ ಮೂಲದಲ್ಲಿ ಸ್ತ್ರೀಲಿಂಗದ್ದು. ನೇಯುವವಳು, ರೊಟ್ಟಿ ಸುಡುವವಳು. ಅಪ್ಪನಿಂದ ಮಗನಿಗೆ ಎಂದು ಎದೆಯುಬ್ಬಿಸಿ ಹೇಳುವ ಕುಲನಾಮದ ಬುಡದಲ್ಲಿ ಒಬ್ಬ ದುಡಿಯುವ ಹೆಂಗಸು ಕುಳಿತಿದ್ದಾಳೆ.

ಅರ್ಥ ಸ್ಪಷ್ಟವಿದ್ದೇ ನೋಯಿಸುವ ಹೆಸರುಗಳೂ ಇವೆ. ಇಟಲಿಯ ನೇಪಲ್ಸ್ ಭಾಗದಲ್ಲಿ ಬಹಳ ಸಾಮಾನ್ಯವಾದ ಕುಲನಾಮ 'ಎಸ್ಪೋಸಿತೊ'. ಹೊರಗೆ ಇಡಲ್ಪಟ್ಟದ್ದು, ಅಂದರೆ ಅನಾಥಾಲಯದ ಬಾಗಿಲಲ್ಲಿ ಬಿಟ್ಟುಹೋದ ಕೂಸು ಎಂದು ಅದರ ಅರ್ಥ. ಫ್ಲಾರೆನ್ಸಿನಲ್ಲಿ ಅಂಥ ಮಕ್ಕಳು, ಅವರನ್ನು ಸಾಕಿದ ಸಂಸ್ಥೆಯ ಹೆಸರಿನಿಂದ, 'ಇನ್ನೊಚೆಂತಿ' ಆದರು, ಮುಗ್ಧರು ಎಂದರ್ಥ. ಮಗುವಿನ ಸ್ಥಿತಿ ಒಂದೇ. ಒಂದು ಊರಿನವರು ನಡೆದದ್ದನ್ನು ಬರೆದರು, ಇನ್ನೊಂದು ಊರಿನವರು ಮಗುವಿನ ಪರವಾಗಿ ಬರೆದರು. ಹತ್ತೊಂಬತ್ತನೇ ಶತಮಾನದ ಆರಂಭದಲ್ಲಿ ನೇಪಲ್ಸಿನಲ್ಲಿ ಎಸ್ಪೋಸಿತೊ ಎಂದು ಹೊಸದಾಗಿ ಹೆಸರಿಡುವುದನ್ನೇ ನಿಷೇಧಿಸಲಾಯಿತು. ಅಷ್ಟರಲ್ಲಿ ಅದು ಮಕ್ಕಳು ಮೊಮ್ಮಕ್ಕಳಿಗೆ ಇಳಿದಾಗಿತ್ತು.

ಈಗ ಕೂಸಿನ ಹೆಸರಿಗೆ ಬರೋಣ. ಇಲ್ಲಿ ಅರ್ಥವೆಂದರೆ ಹರಕೆ, ಹಾರೈಕೆ, ಕೆಲವೊಮ್ಮೆ ಬರೀ ಮಾಹಿತಿ. ಘಾನಾದ ಅಕಾನ್ ಜನರಲ್ಲಿ 'ಕೋಫಿ' ಎಂದರೆ ಶುಕ್ರವಾರ ಹುಟ್ಟಿದವನು, 'ಅನ್ನಾನ್' ಎಂದರೆ ನಾಲ್ಕನೆಯವನು. ವಿಶ್ವಸಂಸ್ಥೆಯ ಮುಖ್ಯಸ್ಥರಾಗಿದ್ದ ಕೋಫಿ ಅನ್ನಾನ್ ಅವರ ಹೆಸರು ಒಂದು ಪುಟ್ಟ ಜನನ ಪತ್ರ. ಮಂಗೋಲಿಯಾದಲ್ಲಿ 'ನೆರ್‌ಗುಯಿ' ಎಂಬ ಹೆಸರಿದೆ, ಹೆಸರಿಲ್ಲದವ ಎಂದರ್ಥ; 'ಎನೆಬಿಶ್' ಎಂದರೆ 'ಇವನಲ್ಲ'. ಹುಟ್ಟಿದ ಮಕ್ಕಳು ಉಳಿಯದ ಮನೆಯಲ್ಲಿ, ಕೊಂಡೊಯ್ಯಲು ಬರುವ ಕೇಡಿನ ಕಣ್ಣು ತಪ್ಪಿಸಲು ಇಟ್ಟ ಹೆಸರುಗಳು ಇವು. ನಿಮ್ಮ ಪುಸ್ತಕಗಳಲ್ಲಿ ಇವಕ್ಕೆ ಜಾಗವಿಲ್ಲ, ಯಾಕೆಂದರೆ ಅಲ್ಲಿ ಎಲ್ಲ ಹೆಸರೂ ಚಂದ್ರ, ಕಾಂತಿ, ವಿಜಯವೇ ಆಗಬೇಕು. ಕ್ಲಾಡಿಯಾ ಎಂಬ ಹೆಸರಿನ ಲ್ಯಾಟಿನ್ ಮೂಲಕ್ಕೆ ಕುಂಟುವವರು ಎಂದೂ, ಸಿಸಿಲಿಯಾದ ಮೂಲಕ್ಕೆ ಕುರುಡರು ಎಂದೂ ಅರ್ಥ. ಆ ಹೆಸರುಗಳು ಎರಡು ಸಾವಿರ ವರ್ಷಗಳಿಂದ ನಿರಾತಂಕವಾಗಿ ನಡೆದುಬಂದಿವೆ.

ಅರ್ಥವೇ ಇಲ್ಲದೆ ಹುಟ್ಟಿದ ಹೆಸರಿಗೆ ವನೆಸ್ಸಾ ಒಳ್ಳೆಯ ಉದಾಹರಣೆ. ಪುಸ್ತಕಗಳು ಅದಕ್ಕೆ 'ಚಿಟ್ಟೆ' ಎಂದು ಅರ್ಥ ಕೊಡುತ್ತವೆ. ಹದಿನೆಂಟನೇ ಶತಮಾನದ ಆರಂಭದಲ್ಲಿ ಐರಿಷ್ ಲೇಖಕ ಜೊನಾಥನ್ ಸ್ವಿಫ್ಟ್ ತನ್ನ ಗೆಳತಿ ಎಸ್ತರ್ ವಾನಮ್ರಿಯ ಕುಲನಾಮದ ಮೊದಲ ತುಣುಕಿಗೆ ಎಸ್ತರ್ ಎಂಬುದರ ಮುದ್ದಿನ ರೂಪವನ್ನು ಸೇರಿಸಿ ಕಟ್ಟಿದ ಹೆಸರು ಅದು. ಚಿಟ್ಟೆಗಳ ಒಂದು ಕುಲಕ್ಕೆ ಫ್ಯಾಬ್ರಿಶಿಯಸ್ ಎಂಬ ಕೀಟಶಾಸ್ತ್ರಜ್ಞ ವನೆಸ್ಸಾ ಎಂದು ಹೆಸರಿಟ್ಟದ್ದು 1807ರಲ್ಲಿ. ಹೆಸರು ಮೊದಲು ಬಂತು, ಚಿಟ್ಟೆ ಆಮೇಲೆ ಬಂದು ಕುಳಿತಿತು. ಅರ್ಥವಿಲ್ಲದ ಹೆಸರು ಹೆಸರೇ ಅಲ್ಲ ಎನ್ನುವ ನೀವು ವನೆಸ್ಸಾ ಎಂಬ ಹೆಸರಿನ ಹೆಣ್ಣುಮಕ್ಕಳನ್ನೆಲ್ಲ ಏನೆಂದು ಕರೆಯುತ್ತೀರಿ?

ಆದ್ದರಿಂದ ಪುಸ್ತಕಗಳಲ್ಲಿ ಯಾವುದನ್ನು ನಂಬಬೇಕೆಂದರೆ, ಹೆಸರು ಯಾವ ಭಾಷೆಯದು, ಯಾವ ಧಾತುವಿನದು, ಎಲ್ಲಿ ಮೊದಲು ಕಾಣಿಸಿತು ಎಂದು ಹೇಳುವಂಥದ್ದನ್ನು. ಬರೀ 'ಸುಂದರವಾದದ್ದು' ಎಂದು ಬರೆದು ಮುಂದೆ ಹೋಗುವುದನ್ನು ಬದಿಗಿಡಿ. ಕುಲನಾಮದ ಬೆನ್ನುಹತ್ತುವಿರಾದರೆ ಅರ್ಥದಿಂದ ಆರಂಭಿಸಬೇಡಿ. ಅದು ಕಾಣಿಸುವ ಅತಿ ಹಳೆಯ ಕಾಗದವನ್ನು ಹುಡುಕಿ. ಅಲ್ಲಿನ ಕಾಗುಣಿತವನ್ನು ಹಾಗೆಯೇ ಬರೆದುಕೊಳ್ಳಿ. ಆ ಪುಟದ ಅಕ್ಕಪಕ್ಕದ ಹೆಸರುಗಳನ್ನೂ ಓದಿ. ಹಲವರಿಗೆ ಅದೇ ಹೆಸರಿದ್ದರೆ ಅದು ಊರಿನದೋ ಕಸುಬಿನದೋ ಇರಬಹುದು.

ಒಂದೇ ಕುಲನಾಮದವರು ನೆಂಟರೇ? ವಿರಳವಾದ ಹೆಸರಾದರೆ ಸಾಧ್ಯತೆ ಇದೆ, ಸಾಮಾನ್ಯ ಹೆಸರಾದರೆ ಬಹುಮಟ್ಟಿಗೆ ಇಲ್ಲ. ಚೀನಾದಲ್ಲಿ 'ವಾಂಗ್' ಎಂಬ ಕುಲನಾಮ ಹತ್ತು ಕೋಟಿ ಜನರಿಗಿದೆ. ಅದರ ಅರ್ಥ ರಾಜ. ಹತ್ತು ಕೋಟಿ ರಾಜವಂಶಸ್ಥರು ಇರಲಾರರು. ಗಂಡುಮಕ್ಕಳಿಂದ ಮಾತ್ರ ಮುಂದುವರಿಯುವ ಕುಲನಾಮಗಳಲ್ಲಿ ತಲೆಮಾರಿಗೊಂದಿಷ್ಟು ಅಳಿದುಹೋಗುತ್ತವೆ, ಉಳಿದವು ಬೀಗುತ್ತವೆ. ಈ ಲೆಕ್ಕವನ್ನು ಇಂಗ್ಲೆಂಡಿನ ವಿಜ್ಞಾನಿ ಫ್ರಾನ್ಸಿಸ್ ಗಾಲ್ಟನ್ ಮತ್ತು ಗಣಿತಜ್ಞ ಹೆನ್ರಿ ವಾಟ್ಸನ್ 1870ರ ದಶಕದಲ್ಲಿ ಬಿಡಿಸಲು ಹೊರಟರು. ಮುಂದೆ ಅದೇ ಗಣಿತ ಪರಮಾಣು ಸರಪಳಿ ಕ್ರಿಯೆಯ ಅಧ್ಯಯನಕ್ಕೂ ಒದಗಿತು. ಕೊರಿಯಾದಲ್ಲಿ ಸುಮಾರು ಐವರಲ್ಲಿ ಒಬ್ಬರು 'ಕಿಮ್'. ಒಂದೇ ಕುಲನಾಮ, ಒಂದೇ ಮೂಲಸ್ಥಾನ ಇದ್ದವರು ಮದುವೆಯಾಗಕೂಡದೆಂಬ ನಿಯಮ ದಕ್ಷಿಣ ಕೊರಿಯಾದ ಕಾನೂನಿನಲ್ಲೇ ಇತ್ತು. ರಕ್ತಸಂಬಂಧ ಹತ್ತಾರು ತಲೆಮಾರು ಹಿಂದಿನದಾದರೂ ಸರಿ, ಜೋಡಿಗಳು ಮದುವೆ ನೋಂದಾಯಿಸಲಾಗದೆ ಪರದಾಡಿದರು. 1997ರಲ್ಲಿ ಅಲ್ಲಿನ ಸಂವಿಧಾನ ನ್ಯಾಯಾಲಯ ಆ ನಿಯಮ ಸಂವಿಧಾನಕ್ಕೆ ಒಪ್ಪುವುದಿಲ್ಲವೆಂದು ತೀರ್ಪಿತ್ತಿತು.

ಇನ್ನು ಕುಲನಾಮ ಇಲ್ಲದವರು. ಐಸ್‌ಲ್ಯಾಂಡಿನಲ್ಲಿ ಬಹುತೇಕರಿಗೆ ಅದು ಇಲ್ಲ. 1980ರಲ್ಲಿ ಅಧ್ಯಕ್ಷೆಯಾಗಿ ಆಯ್ಕೆಯಾದ ವಿಗ್ದಿಸ್ ಫಿನ್‌ಬೋಗಾದೋತ್ತಿರ್ ಎಂದರೆ ಫಿನ್‌ಬೋಗಿಯ ಮಗಳು ವಿಗ್ದಿಸ್. ಆ ನಾಡಿನ ದೂರವಾಣಿ ಕೈಪಿಡಿ ಕೂಡ ಮೊದಲ ಹೆಸರಿನ ಅಕಾರಾದಿಯಲ್ಲೇ ಇರುತ್ತಿತ್ತು. ಇಥಿಯೋಪಿಯಾದ ಪ್ರಧಾನಿ ಅಬಿಯ್ ಅಹ್ಮದ್ ಅವರ ಹೆಸರಿನಲ್ಲಿ ಅಹ್ಮದ್ ಎಂಬುದು ತಂದೆಯದು. ಇಂಡೊನೇಷ್ಯಾದ ಮೊದಲ ಅಧ್ಯಕ್ಷ, ಜಾವಾದ ಸುಕರ್ನೊ ಒಂದೇ ಹೆಸರಿನಲ್ಲಿ ದೇಶ ಆಳಿದರು. ಮಂಗೋಲಿಯಾದಲ್ಲಿ 1920ರ ದಶಕದಲ್ಲಿ ಕುಲದ ಹೆಸರುಗಳನ್ನು ನಿಷೇಧಿಸಿ, 1990ರ ದಶಕದಲ್ಲಿ ಮರಳಿ ತಂದಾಗ ಎಷ್ಟೋ ಜನರಿಗೆ ತಮ್ಮದು ಯಾವುದೆಂದೇ ನೆನಪಿರಲಿಲ್ಲ. ಬಹಳ ಮಂದಿ ಚೆಂಗಿಸ್ ಖಾನನ ಕುಲವಾದ 'ಬೊರ್ಜಿಗಿನ್' ಎಂದು ಬರೆಸಿದರು. 1981ರಲ್ಲಿ ಬಾಹ್ಯಾಕಾಶಕ್ಕೆ ಹೋಗಿಬಂದಿದ್ದ ಗುರ್ರಾಗ್ಚಾ ಮಾತ್ರ 'ಸನ್ಸಾರ್', ಎಂದರೆ ಬ್ರಹ್ಮಾಂಡ, ಎಂದು ಆರಿಸಿಕೊಂಡರು. ನನ್ನ ಮಟ್ಟಿಗೆ ಇದು ಖಾನನ ಹೆಸರಿಗಿಂತ ಪ್ರಾಮಾಣಿಕ: ತಾನು ಹೋಗಿಬಂದ ಜಾಗ.

ಪಾಸ್‌ಪೋರ್ಟಿನ ಅಂತರರಾಷ್ಟ್ರೀಯ ನಿಯಮವೂ ಇದನ್ನು ಅರಿತೇ ಇದೆ. ಅದು 'ಕುಲನಾಮ' ಎನ್ನದೆ ಮೊದಲ ಗುರುತು, ಎರಡನೆಯ ಗುರುತು ಎನ್ನುತ್ತದೆ. ಒಂದೇ ಹೆಸರಿದ್ದರೆ ಇಡೀ ಹೆಸರು ಮೊದಲ ಗುರುತಿಗೆ ಹೋಗುತ್ತದೆ. ತೊಂದರೆ ಕೊಡುವುದು ಬೇರೆ ಬೇರೆ ಕಚೇರಿಗಳ ಅರ್ಜಿ ನಮೂನೆಗಳು, ಅವು ಖಾಲಿ ಕಾಲಂ ಕಂಡರೆ ಮುಂದಕ್ಕೆ ಬಿಡುವುದಿಲ್ಲ. ಮೊಮ್ಮಗುವಿಗೆ ಎರಡನೆಯ ಹೆಸರು ಬೇಕೇ ಎಂಬುದನ್ನು ಅದರ ಅಪ್ಪ ಅಮ್ಮ ತೀರ್ಮಾನಿಸಲಿ. ಏನೇ ಇಟ್ಟರೂ ಮೊದಲ ದಾಖಲೆಯ ಕಾಗುಣಿತವನ್ನೇ ಎಲ್ಲ ಕಡೆ ಬರೆಸಿ. ಪಾಸ್‌ಪೋರ್ಟಿನಲ್ಲಿ ಯಂತ್ರ ಓದುವ ಸಾಲಿನಲ್ಲಿ ಹೆಸರಿಗಿರುವ ಜಾಗ 39 ಅಕ್ಷರಗಳದ್ದು, ನಡುವಿನ ಬಿಡುವುಗಳೂ ಸೇರಿ. ಅದಕ್ಕಿಂತ ಉದ್ದವಾದರೆ ಹೆಸರನ್ನು ಮೊಟಕುಗೊಳಿಸುತ್ತಾರೆ.

— ಸಂಪಾದಕ