ಹಾಸ್ಯ ಧಾರಾವಾಹಿ ಬರೆಯುವ ಹೆಣ್ಣುಮಗಳು ನಿರ್ಮಾಪಕಿಯೂ ಆಗಬೇಕೇ?

ರಾಯಚೂರಿನಲ್ಲಿ ಪದವಿ ಮುಗಿಸಿದ್ದೇನೆ, ಕಾಲೇಜು ನಾಟಕಗಳಿಗೆ ನಗೆಬರಹ ಬರೆದಿದ್ದೇನೆ, ಕಿರುತೆರೆಯಲ್ಲಿ ಬರೆಯುವ ಕೆಲಸ ಸಿಕ್ಕೀತೇ, ನಿರ್ಮಾಣದ ತಲೆನೋವೂ ಬೇಕೇ ಎಂದು ಕೇಳಿದ್ದೀರಿ. ಕೆಲಸ ಸಿಗುತ್ತದೆ. ತಲೆನೋವೂ ಬೇಕು. ನಾನು ಬಳ್ಳಾರಿಯವಳು, ಬೆಂಗಳೂರಿನಲ್ಲಿ ಹಾಸ್ಯ ಧಾರಾವಾಹಿಗಳಿಗೆ ಸಂಭಾಷಣೆ ಬರೆದು, ಆಮೇಲೆ ನಿರ್ಮಾಣಕ್ಕೆ ಕೈ ಹಾಕಿದವಳು.

ಬರೀ ಬರೆಯುತ್ತಿದ್ದ ಕಾಲದಲ್ಲಿ, ಪಾತ್ರವೊಂದಕ್ಕೆ ನಮ್ಮ ಕಡೆಯ ಮಾತು ಕೊಟ್ಟರೆ ಸಾಕು, ಸೆಟ್‌ನಲ್ಲಿ ಅದನ್ನು ಎಳೆದೆಳೆದು ಆಡಿಸುತ್ತಿದ್ದರು. ನಮ್ಮ ಸೀಮೆಯವರು ಬಾಯಿ ತೆರೆದದ್ದೇ ಹಾಸ್ಯ ಎಂಬ ನಂಬಿಕೆ ಅಲ್ಲಿ ಬಲು ಗಟ್ಟಿ. ಗಂಗಾವತಿ ಪ್ರಾಣೇಶ್ ಇದೇ ಮಾತಿನಲ್ಲಿ ತುಂಬಿದ ಸಭೆಗಳನ್ನು ನಗಿಸುತ್ತಾರೆ. ಜನ ನಗುವುದು ಅವರು ಕಣ್ಣಮುಂದೆ ನಿಲ್ಲಿಸುವ ಮನುಷ್ಯರನ್ನು ಕಂಡು, ಉಚ್ಚಾರಣೆಗಲ್ಲ. ಇದನ್ನು ವಾದಿಸಿ ಗೆಲ್ಲಲು ಸಂಭಾಷಣೆಕಾರ್ತಿಗೆ ಸೆಟ್‌ನಲ್ಲಿ ಕುರ್ಚಿಯೇ ಇರುವುದಿಲ್ಲ. ನಟರನ್ನು ಆರಿಸುವವರು, ಸಂಕಲನದ ಕೋಣೆಯಲ್ಲಿ ಕೂರುವವರು ಬೇರೆಯವರು. ನಾನು ನಿರ್ಮಾಣಕ್ಕೆ ಹೋದದ್ದು ಈ ಸಿಟ್ಟಿನಿಂದ. ದುಡ್ಡಿನ ಆಸೆಯಿಂದ ಹೋಗುವವರು ಬೇರೆ ದಾರಿ ನೋಡುವುದು ಒಳ್ಳೆಯದು.

ಲೆಕ್ಕ ತಿಳಿದರೆ ಬರವಣಿಗೆಯೇ ಬದಲಾಗುತ್ತದೆ. ಜಾಹೀರಾತಿಗೆ ಗಂಟೆಗೆ 12 ನಿಮಿಷದ ಮಿತಿ ಇದೆ; ಅಷ್ಟನ್ನೂ ಚಾನೆಲ್ ಬಳಸಿಕೊಂಡರೆ ಅರ್ಧ ಗಂಟೆಯಲ್ಲಿ ನಿಮ್ಮ ಪಾಲಿಗೆ ಉಳಿಯುವುದು 24 ನಿಮಿಷ. ಶೀರ್ಷಿಕೆ ಗೀತೆ ಅದರಲ್ಲೂ ಒಂದಿಷ್ಟು ತಿನ್ನುತ್ತದೆ. ಮದುವೆಯ ದೃಶ್ಯ ಬರೆದಿರಿ ಎನ್ನಿ: ಛತ್ರ, ಸಹಕಲಾವಿದರು, ಊಟ, ಇಡೀ ದಿನದ ಕಾಲ್‌ಶೀಟ್. ಅದರ ಬದಲು ಮದುವೆಯ ಮರುದಿನ ಬರೆಯಿರಿ. ಬಾಡಿಗೆ ಪಾತ್ರೆ ಎಣಿಸುವಾಗ ಒಂದು ಸೌಟು ಕಡಿಮೆ. ಪಾತ್ರೆಯಂಗಡಿಯವನು, ಹುಡುಗಿಯ ತಂದೆ, ಹುಡುಗನ ಸೋದರತ್ತೆ, ಒಂದು ಅಂಗಳ. ಎರಡು ಮನೆತನಗಳ ಮರ್ಯಾದೆ ಸೌಟಿಗೆ ಬಂದು ನಿಂತಿರುತ್ತದೆ. ಖರ್ಚು ಕಡಿಮೆ, ನಗು ಹೆಚ್ಚು.

ಹಾಗೆಂದು ನಿರ್ಮಾಪಕಿಯಾದರೆ ಎಲ್ಲವೂ ನಿಮ್ಮ ಕೈಯಲ್ಲಿ ಎಂದುಕೊಳ್ಳಬೇಡಿ. ಅಮೆರಿಕದ ಗರ್ಟ್ರೂಡ್ ಬರ್ಗ್ ಈ ದಾರಿಯ ಹಿರಿಯಕ್ಕ. ನ್ಯೂಯಾರ್ಕಿನ ಯಹೂದಿ ಕುಟುಂಬವೊಂದರ ನಗೆಕಥೆಯನ್ನು 1929ರಲ್ಲಿ ರೇಡಿಯೊಗೆ ಬರೆಯತೊಡಗಿ, 1949ರಲ್ಲಿ ಟಿ.ವಿ.ಗೆ ತಂದರು. ಬರೆದವರೂ ಅವರೇ, ಮನೆಯೊಡತಿಯಾಗಿ ನಟಿಸಿದವರೂ ಅವರೇ. ವಲಸಿಗರ ಮಾತಿನ ವಾಸನೆಯನ್ನು ಇಟ್ಟುಕೊಂಡೇ ಆ ಹೆಂಗಸನ್ನು ಮನೆಯ ಬುದ್ಧಿವಂತೆಯಾಗಿಸಿದರು. ಆದರೆ ಗಂಡನ ಪಾತ್ರ ಮಾಡುತ್ತಿದ್ದ ಫಿಲಿಪ್ ಲೋಬ್ ಮೇಲೆ ಕಮ್ಯುನಿಸ್ಟ್ ಎಂಬ ಆರೋಪ ಬಂದಾಗ ಪ್ರಾಯೋಜಕರು ಅವರನ್ನು ತೆಗೆಯಿರಿ ಎಂದರು. ಬರ್ಗ್ ಒಪ್ಪಲಿಲ್ಲ. 1951ರಲ್ಲಿ ಕಾರ್ಯಕ್ರಮವೇ ನಿಂತಿತು. 1952ರಲ್ಲಿ ಮರಳಿ ಬಂದಾಗ ಲೋಬ್ ಇರಲಿಲ್ಲ. ಹಣ ಹಾಕುವವರ ಮಾತು ಎಲ್ಲಿಯವರೆಗೆ ಕೇಳಬೇಕು ಎಂಬುದಕ್ಕೆ ನನ್ನ ಬಳಿಯೂ ಸಿದ್ಧ ಉತ್ತರವಿಲ್ಲ. ಪ್ರತಿ ಸಲವೂ ಜಗಳವಾಡಿಯೇ ತಿಳಿಯಬೇಕು.

ಬೆಂಗಳೂರಿಗೆ ಈಗಲೇ ಹೊರಡಬೇಡಿ. ಮೊದಲು ಒಂದೇ ಮನೆ, ನಾಲ್ಕೈದು ಪಾತ್ರಗಳಿರುವ ಮೂರು ಸಂಚಿಕೆಗಳನ್ನು ಪೂರ್ತಿ ಬರೆಯಿರಿ. ಬರೀ ಕಥೆಯ ಎಳೆ ಹಿಡಿದು ಚಾನೆಲ್ ಬಾಗಿಲಿಗೆ ಹೋದರೆ ಆ ಎಳೆ ಮುಂದೆ ಬೇರೆಯವರ ಹೆಸರಿನಲ್ಲಿ ಬಂದೀತು. ಕೃತಿಸ್ವಾಮ್ಯ ಕಾಯ್ದೆ ಕಾಯುವುದು ಬರೆದ ರೂಪವನ್ನು, ತಲೆಯೊಳಗಿನ ಯೋಚನೆಯನ್ನಲ್ಲ. ಬರಹ ನೋಂದಾಯಿಸುವ ಸರ್ಕಾರಿ ಶುಲ್ಕ 500 ರೂಪಾಯಿ, ಅರ್ಜಿ ಆನ್‌ಲೈನ್‌ನಲ್ಲೇ ಆಗುತ್ತದೆ. ಹಕ್ಕು ಬಿಟ್ಟುಕೊಡುವ ಒಪ್ಪಂದ ಲಿಖಿತವಾಗಿರಲೇಬೇಕು. ಅವಧಿ ನಮೂದಿಸದಿದ್ದರೆ ಕಾನೂನು ಐದು ವರ್ಷವೆಂದೇ ಹಿಡಿಯುತ್ತದೆ. ‘ಶಾಶ್ವತವಾಗಿ’ ಎಂದು ಅಚ್ಚಾದ ಕಾಗದ ಮುಂದಿಟ್ಟರೆ ಸಹಿಗೆ ಮೊದಲು ಊರಿನ ವಕೀಲರೊಬ್ಬರಿಗೆ ತೋರಿಸಿ. ಅವಸರ ಮಾಡುವವರಿಗೆ ಊರಲ್ಲಿ ಜಾತ್ರೆಯಿದೆ, ಮುಗಿಸಿಕೊಂಡು ಬರುತ್ತೇನೆ ಎನ್ನಿ.