ಎಣ್ಣೆಯೂ ಇಲ್ಲ, ಅದಿರೂ ಇಲ್ಲ: ಅಂಥ ದೇಶಗಳು ಹೇಗೆ ನಿಭಾಯಿಸುತ್ತವೆ?

ನೀವು ಕೇಳಿದ್ದು ಇಷ್ಟು: ಸ್ವಂತ ನೆಲದಲ್ಲಿ ಎಣ್ಣೆ, ಗ್ಯಾಸ್, ಅದಿರು ಸಿಗದ ದೇಶಗಳು ಅವನ್ನೆಲ್ಲ ಹೇಗೆ ಹೊಂದಿಸಿಕೊಳ್ಳುತ್ತವೆ? ಅದೂ ಪರಿಸರ ಹಾಳಾಗದ ಹಾಗೆ, ಬಹಳ ಕಾಲ ನಡೆಯುವ ಹಾಗೆ ಮಾಡಲು ಸಾಧ್ಯವಾ? ಕೊನೆಗೆ "ಹತ್ತು ಕಡೆಯಿಂದ ತರಿಸಿಕೊಂಡರೆ ಸಾಕಲ್ವಾ" ಅಂತಲೂ ಸೇರಿಸಿದ್ದೀರಿ.

ಸಾಲದು. ಯಾಕೆ ಅಂತ ಹೇಳುತ್ತೇನೆ. ನಾನು ಅರ್ಥಶಾಸ್ತ್ರ ಓದಿದವನಲ್ಲ. ಮೋಟಾರ್ ಮಾಡುವ ಕಾರ್ಖಾನೆಯೊಂದರ ಖರೀದಿ ವಿಭಾಗದಲ್ಲಿ ಬಹಳ ವರ್ಷ ಇದ್ದವನು. ತಾಮ್ರದ ತಂತಿ, ಉಕ್ಕಿನ ತಗಡು, ಮ್ಯಾಗ್ನೆಟ್ ತರಿಸುವುದೇ ಕೆಲಸ. ಹಾಗಾಗಿ ಉತ್ತರದಲ್ಲಿ ಸ್ವಲ್ಪ ಗೋದಾಮಿನ ವಾಸನೆ ಬರುತ್ತದೆ, ಸಹಿಸಿಕೊಳ್ಳಿ.

2010ರವರೆಗೆ ನಾವೂ ನಿಮ್ಮ ಹಾಗೇ ಅಂದುಕೊಂಡಿದ್ದೆವು. ಮ್ಯಾಗ್ನೆಟ್ ಕೊಡುವವರು ಇಬ್ಬರಿದ್ದರು, ಬೇರೆ ಬೇರೆ ದೇಶದವರು. ಒಬ್ಬ ಕೈಕೊಟ್ಟರೆ ಇನ್ನೊಬ್ಬ ಇದ್ದಾನೆ ಅನ್ನುವ ಧೈರ್ಯ. ಆ ವರ್ಷ ಸೆಪ್ಟೆಂಬರಿನಲ್ಲಿ, ಜಪಾನ್ ಮತ್ತು ಚೀನಾ ಎರಡೂ ತಮ್ಮದೆನ್ನುವ ಸೆಂಕಾಕು ದ್ವೀಪಗಳ ಹತ್ತಿರ ಚೀನಾದ ಮೀನುಗಾರಿಕೆ ದೋಣಿಯೊಂದು ಜಪಾನಿನ ಕಾವಲು ಹಡಗುಗಳಿಗೆ ಡಿಕ್ಕಿ ಹೊಡೆಯಿತು. ಜಪಾನ್ ಅದರ ಕ್ಯಾಪ್ಟನನ್ನು ಹಿಡಿದಿಟ್ಟಿತು. ಅದರ ಬೆನ್ನಿಗೇ ಜಪಾನಿಗೆ ಹೋಗಬೇಕಿದ್ದ ರೇರ್ ಅರ್ಥ್ ಲೋಹಗಳು (ಬಲವಾದ ಮ್ಯಾಗ್ನೆಟ್‌ಗೆ ಬೇಕಾಗುವ ನಿಯೋಡೈಮಿಯಮ್‌ನಂಥವು) ಚೀನಾದ ಬಂದರುಗಳಲ್ಲೇ ನಿಂತವು. ನಿಷೇಧ ಹಾಕಿಲ್ಲ ಅಂತಲೇ ಚೀನಾ ಹೇಳುತ್ತಿತ್ತು. ಸರಕು ಮಾತ್ರ ಬರಲಿಲ್ಲ. ಆಗ ಜಗತ್ತಿನ ರೇರ್ ಅರ್ಥ್‌ನಲ್ಲಿ ಶೇ. 90ಕ್ಕಿಂತ ಜಾಸ್ತಿ ಚೀನಾದಿಂದಲೇ ಬರುತ್ತಿತ್ತು. ಮರುವರ್ಷ ಬೆಲೆ ಹಲವು ಪಟ್ಟು ಏರಿತು. ನಮ್ಮ ಇಬ್ಬರು ಮಾರಾಟಗಾರರೂ ಒಂದೇ ವಾರದಲ್ಲಿ ಒಂದೇ ರಾಗ ಹಾಡಿದರು: ಹಳೆಯ ಬೆಲೆಗೆ ಆಗಲ್ಲ. ವಿಚಾರಿಸಿದರೆ, ಇಬ್ಬರೂ ಲೋಹ ತರಿಸುತ್ತಿದ್ದದ್ದು ಅದೇ ಜಾಗದಿಂದ. ಒಂದೇ ಬಾವಿಗೆ ಎರಡು ರಾಟೆ ಕಟ್ಟಿಕೊಂಡು, ಎರಡು ಬಾವಿ ಇದೆ ಅಂತ ನಾವು ನೆಮ್ಮದಿಯಾಗಿದ್ದೆವು.

ಈ ಮ್ಯಾಗ್ನೆಟ್ ಹುಟ್ಟಿದ ಕಥೆ ಇನ್ನೂ ಮಜವಾಗಿದೆ. 1970ರ ದಶಕದಲ್ಲಿ ತುಂಬಾ ಬಲವಾದ ಮ್ಯಾಗ್ನೆಟ್ ಅಂದರೆ ಸಮೇರಿಯಮ್ ಮತ್ತು ಕೋಬಾಲ್ಟ್ ಬೆರೆಸಿದ್ದು. ಕೋಬಾಲ್ಟ್ ಹೆಚ್ಚಾಗಿ ಬರುತ್ತಿದ್ದದ್ದು ಜೈರ್‌ನಿಂದ, ಅಂದರೆ ಈಗಿನ ಕಾಂಗೋ. 1978ರಲ್ಲಿ ಅಲ್ಲಿನ ಶಾಬಾ ಪ್ರಾಂತ್ಯಕ್ಕೆ ಬಂಡುಕೋರರು ನುಗ್ಗಿದರು. ಕೋಬಾಲ್ಟ್ ಬೆಲೆ ಕೈಗೆಟುಕದ ಹಾಗಾಯಿತು. ಕೋಬಾಲ್ಟ್ ಇಲ್ಲದ ಮ್ಯಾಗ್ನೆಟ್ ಬೇಕು ಅಂತ ಹಲವರು ಹೊರಟರು. 1980ರ ದಶಕದ ಶುರುವಿನಲ್ಲಿ ಜಪಾನಿನ ಸುಮಿಟೊಮೊ ಸ್ಪೆಷಲ್ ಮೆಟಲ್ಸ್‌ನಲ್ಲಿ ಮಸಾಟೊ ಸಗಾವಾ, ಇನ್ನೊಂದು ಕಡೆ ಅಮೆರಿಕದ ಜನರಲ್ ಮೋಟರ್ಸ್‌ನವರು, ಕಬ್ಬಿಣ, ನಿಯೋಡೈಮಿಯಮ್, ಬೋರಾನ್ ಸೇರಿಸಿದ ಮ್ಯಾಗ್ನೆಟ್ ಮಾಡಿದರು. ಕೋಬಾಲ್ಟಿನ ಕಾಟ ತಪ್ಪಿತು. ಮೂವತ್ತು ವರ್ಷ ಕಳೆಯುವಷ್ಟರಲ್ಲಿ ಅದೇ ನಿಯೋಡೈಮಿಯಮ್ ಎಲ್ಲರ ಕುತ್ತಿಗೆ ಹಿಡಿಯಿತು. ಬದಲಿ ವಸ್ತು ಹುಡುಕುವುದು ಒಳ್ಳೆಯ ದಾರಿಯೇ. ಆದರೆ ಅದು ಎಷ್ಟೋ ಸಲ ಹಳೆಯ ಯಜಮಾನನನ್ನು ಬಿಟ್ಟು ಹೊಸ ಯಜಮಾನನ ಮನೆ ಸೇರಿದ ಹಾಗೆ.

ಜಪಾನ್ ಆಮೇಲೆ ಏನು ಮಾಡಿತು ಅನ್ನುವುದು ನಿಮ್ಮ ಪ್ರಶ್ನೆಗೆ ಹತ್ತಿರದ ಉತ್ತರ. 2011ರಲ್ಲಿ ಅಲ್ಲಿನ ಸರ್ಕಾರಿ ಸಂಸ್ಥೆ ಜಾಗ್‌ಮೆಕ್ ಮತ್ತು ಸೊಜಿಟ್ಸ್ ಅನ್ನುವ ವ್ಯಾಪಾರಿ ಕಂಪನಿ ಸೇರಿ ಆಸ್ಟ್ರೇಲಿಯಾದ ರೇರ್ ಅರ್ಥ್ ಕಂಪನಿ ಲೈನಾಸ್‌ಗೆ 25 ಕೋಟಿ ಡಾಲರ್ ಹಾಕಿದವು. ಅದಿರು ಆಸ್ಟ್ರೇಲಿಯಾದ ಮೌಂಟ್ ವೆಲ್ಡ್ ಗಣಿಯದ್ದು, ಲೋಹ ಬೇರ್ಪಡಿಸುವುದು ಮಲೇಷ್ಯಾದಲ್ಲಿ. ಮುಂದೆ ಬೆಲೆ ನೆಲ ಕಚ್ಚಿತು, ಲೈನಾಸ್ ಮುಳುಗುವ ಹಂತಕ್ಕೆ ಬಂತು. ಆಗಲೂ ಜಪಾನ್ ಕೈಬಿಡಲಿಲ್ಲ, ಸಾಲದ ಷರತ್ತು ಸಡಿಲಿಸಿತು. ನನ್ನ ಪ್ರಕಾರ ಅಸಲಿ ಪಾಠ ಇರುವುದು ಇಲ್ಲಿ. ಕಷ್ಟ ಬಂದಾಗ ಹೊಸ ಮಾರಾಟಗಾರನನ್ನು ಹುಡುಕುವವರು ಬಹಳ ಜನ. ಅಗ್ಗದ ಮಾಲು ಎದುರಿಗೇ ಇರುವಾಗಲೂ ಆ ದುಬಾರಿ ಮಾರಾಟಗಾರನನ್ನು ಸಾಕುವವರು ಕಡಿಮೆ. ನಮ್ಮ ಕಾರ್ಖಾನೆಯಲ್ಲಂತೂ ಬೆಲೆ ಇಳಿದ ತಕ್ಷಣ ಎಲ್ಲ ಮರೆತು ಹಳೆಯ ಇಬ್ಬರ ಬಳಿಗೇ ಹೋದೆವು. ಸಹಿ ಹಾಕಿದವರಲ್ಲಿ ನಾನೂ ಒಬ್ಬ.

ಇನ್ನೊಂದು ವಿಷಯ. ಚೀನಾ ಬಿಟ್ಟು ಬೇರೆ ದೇಶದಲ್ಲಿ ಗಣಿ ಇದ್ದರೂ ಸಮಸ್ಯೆ ಮುಗಿಯುವುದಿಲ್ಲ. ಅಮೆರಿಕದ ಕ್ಯಾಲಿಫೋರ್ನಿಯಾದಲ್ಲಿ ಮೌಂಟನ್ ಪಾಸ್ ಅನ್ನುವ ರೇರ್ ಅರ್ಥ್ ಗಣಿ ಇದೆ. ಅಲ್ಲಿ ಅಗೆದದ್ದನ್ನು ಬೇರ್ಪಡಿಸಲು ವರ್ಷಗಟ್ಟಲೆ ಚೀನಾಕ್ಕೇ ಕಳಿಸುತ್ತಿದ್ದರು. ಯಾಕೆಂದರೆ ಈ ಲೋಹಗಳೆಲ್ಲ ಒಂದರ ಹಾಗೆ ಇನ್ನೊಂದು ಇರುತ್ತವೆ. ಆಮ್ಲದಲ್ಲಿ ಕರಗಿಸಿ, ದ್ರಾವಕದಲ್ಲಿ ನೂರಾರು ಸಲ ಹಾಯಿಸಿ ಒಂದೊಂದನ್ನೇ ಬಿಡಿಸಬೇಕು. ಗಲೀಜು ಕೆಲಸ, ಉಳಿಯುವ ಕಸದಲ್ಲಿ ಥೋರಿಯಮ್‌ನಂಥ ವಿಕಿರಣ ಇರುವ ವಸ್ತುವೂ ಸೇರಿರುತ್ತದೆ. ಮಲೇಷ್ಯಾದ ಲೈನಾಸ್ ಘಟಕದ ವಿರುದ್ಧ ಅಲ್ಲಿನ ಜನ ವರ್ಷಗಳ ಕಾಲ ಹೋರಾಡಿದ್ದು ಇದೇ ಕಾರಣಕ್ಕೆ. "ಪರಿಸರ ಹಾಳಾಗದ ಹಾಗೆ" ಅಂತ ನೀವು ಕೇಳಿದಿರಲ್ಲ, ಆಮದು ಮಾಡುವ ದೇಶಕ್ಕೆ ಈ ಹಾಳು ಕಣ್ಣಿಗೆ ಬೀಳುವುದೇ ಇಲ್ಲ. ಅದು ಬೇರೆಯವರ ಹಿತ್ತಲಲ್ಲಿ ಆಗುತ್ತದೆ.

ಈಗ ಇಂಧನಕ್ಕೆ ಬರೋಣ. ನೀವು ಇಂಧನ ಮತ್ತು ಕಚ್ಚಾವಸ್ತು ಎರಡನ್ನೂ ಒಂದೇ ಉಸಿರಿನಲ್ಲಿ ಕೇಳಿದ್ದೀರಿ. ಅವು ಬೇರೆ ಬೇರೆ ಲೆಕ್ಕ. ಎಣ್ಣೆ ತಂದರೆ ಸುಟ್ಟು ಮುಗಿಯುತ್ತದೆ, ನಾಳೆ ಮತ್ತೆ ತರಬೇಕು. ತಾಮ್ರ ತಂದರೆ ಅದು ಗೋಡೆಯೊಳಗೆ, ಮೋಟಾರಿನೊಳಗೆ, ದೇಶದೊಳಗೇ ಇರುತ್ತದೆ. ಎಣ್ಣೆ ನಿಂತರೆ ವಾರಗಳಲ್ಲಿ ಗಾಡಿಗಳು ನಿಲ್ಲುತ್ತವೆ. ತಾಮ್ರ ನಿಂತರೆ ಹೊಸದು ಕಟ್ಟುವುದು ತಡವಾಗುತ್ತದೆ ಅಷ್ಟೆ, ಇದ್ದದ್ದು ಓಡುತ್ತಲೇ ಇರುತ್ತದೆ.

1973ರ ಅಕ್ಟೋಬರಿನಲ್ಲಿ ಅರಬ್ ದೇಶಗಳು ಎಣ್ಣೆ ತಡೆದಾಗ ಇದು ಎಲ್ಲರಿಗೂ ಗೊತ್ತಾಯಿತು. ಬ್ಯಾರೆಲ್‌ಗೆ ಸುಮಾರು 3 ಡಾಲರ್ ಇದ್ದದ್ದು ಕೆಲವೇ ತಿಂಗಳಲ್ಲಿ 12ರ ಹತ್ತಿರ ಹೋಯಿತು. ಮರುವರ್ಷ ಅಂತರರಾಷ್ಟ್ರೀಯ ಇಂಧನ ಸಂಸ್ಥೆ ಹುಟ್ಟಿತು. ಸದಸ್ಯ ದೇಶಗಳು ಕನಿಷ್ಠ 90 ದಿನದ ನಿವ್ವಳ ಆಮದಿನಷ್ಟು ಎಣ್ಣೆ ಕೂಡಿಟ್ಟಿರಬೇಕು ಅನ್ನುವುದು ಅದರ ನಿಯಮ. 2022ರಲ್ಲಿ ಉಕ್ರೇನ್ ಯುದ್ಧ ಶುರುವಾದಾಗ ಎರಡು ಕಂತಿನಲ್ಲಿ 18 ಕೋಟಿ ಬ್ಯಾರೆಲ್ ಹೊರಗೆ ಬಿಡಲು ಒಪ್ಪಿದ್ದು ಇಂಥ ದಾಸ್ತಾನಿನಿಂದಲೇ. ದಾಸ್ತಾನು ಬೇಕು. ಆದರೆ ಅದು ಕೊಡುವುದು ಸಮಯ ಮಾತ್ರ. ಆ ಮೂರು ತಿಂಗಳಲ್ಲಿ ಏನು ಮಾಡುತ್ತೀರಿ ಅನ್ನುವುದಕ್ಕೆ ಅದರಲ್ಲಿ ಉತ್ತರ ಇಲ್ಲ.

ಉತ್ತರ ಕೊಟ್ಟವರಲ್ಲಿ ನನಗೆ ಇಷ್ಟವಾದದ್ದು ಡೆನ್ಮಾರ್ಕ್. 1973ರಲ್ಲಿ ಅದರ ಇಂಧನದಲ್ಲಿ ಶೇ. 90ಕ್ಕಿಂತ ಜಾಸ್ತಿ ಹೊರಗಿನ ಎಣ್ಣೆ. ಭಾನುವಾರ ಕಾರು ಓಡಿಸುವುದನ್ನೇ ನಿಲ್ಲಿಸಬೇಕಾಯಿತು. ಆಮೇಲೆ ಅವರು ಕೈಹಾಕಿದ್ದು ಮನೆ ಬಿಸಿ ಮಾಡುವ ಲೆಕ್ಕಕ್ಕೆ. ವಿದ್ಯುತ್ ಸ್ಥಾವರದಲ್ಲಿ ಸುಟ್ಟ ಇಂಧನದ ಅರ್ಧಕ್ಕಿಂತ ಹೆಚ್ಚು ಶಾಖ ಸಾಮಾನ್ಯವಾಗಿ ಸುಮ್ನೆ ಸಮುದ್ರಕ್ಕೋ ಗಾಳಿಗೋ ಹೋಗುತ್ತದೆ. ಆ ಶಾಖದಿಂದ ನೀರು ಬಿಸಿ ಮಾಡಿ, ನೆಲದಡಿಯ ಪೈಪಿನಲ್ಲಿ ಊರಿಗೆಲ್ಲ ಹಂಚಿದರು. 1979ರಲ್ಲಿ ಇದಕ್ಕೇ ಒಂದು ಕಾನೂನು ಬಂತು. ಇವತ್ತು ಅಲ್ಲಿನ ಮೂರರಲ್ಲಿ ಎರಡು ಪಾಲು ಮನೆಗಳಿಗೆ ಬಿಸಿ ಬರುವುದು ಪೈಪಿನಿಂದ. ಜೊತೆಗೆ ಗಾಳಿಯಂತ್ರ, ಈಗ ಅರ್ಧಕ್ಕಿಂತ ಹೆಚ್ಚು ವಿದ್ಯುತ್ ಅದರಿಂದಲೇ. ಉತ್ತರ ಸಮುದ್ರದಲ್ಲಿ ಅವರಿಗೆ ಎಣ್ಣೆ, ಗ್ಯಾಸ್ ಸಿಕ್ಕಿತು ಅನ್ನುವುದೂ ನಿಜ, ಅದನ್ನು ಮುಚ್ಚಿಡಬಾರದು. ಆದರೆ ಪೈಪು ಹೂಳಿದ್ದು ಅದೃಷ್ಟದಿಂದಲ್ಲ.

ಜಪಾನ್ ಇನ್ನೊಂದು ಚೆಂದದ ಉಪಾಯ ಮಾಡಿತು. 1998ರಲ್ಲಿ ಬಂದ ಟಾಪ್ ರನ್ನರ್ ಯೋಜನೆ. ಮಾರುಕಟ್ಟೆಯಲ್ಲಿ ಅತಿ ಕಡಿಮೆ ವಿದ್ಯುತ್ ಎಳೆಯುವ ಏಸಿ ಯಾವುದೋ ಅದನ್ನು ಆಧಾರವಾಗಿಟ್ಟುಕೊಂಡು ಗುರಿ ಹಾಕುವುದು. ಇಷ್ಟು ವರ್ಷದಲ್ಲಿ ಉಳಿದ ಕಂಪನಿಗಳೂ ಆ ಮಟ್ಟ ಮುಟ್ಟಬೇಕು. ಫ್ರಿಜ್ಜಿಗೂ ಹೀಗೇ, ಕಾರಿಗೂ ಹೀಗೇ. ತರಿಸದೇ ಇದ್ದ ಎಣ್ಣೆಯನ್ನು ಯಾರೂ ತಡೆಯಲು ಆಗಲ್ಲ ಅಲ್ವಾ?

ಗ್ಯಾಸ್ ವಿಷಯದಲ್ಲಿ ಕಥೆ ಅಷ್ಟು ಚೆಂದವಿಲ್ಲ. ಹಡಗಿನಲ್ಲಿ ತರಬೇಕೆಂದರೆ ಅದನ್ನು ಮೈನಸ್ 162 ಡಿಗ್ರಿಗೆ ತಣಿಸಿ ದ್ರವ ಮಾಡಬೇಕು, ಆಗ ಗಾತ್ರ ಸುಮಾರು 600ರಲ್ಲಿ ಒಂದು ಪಾಲಾಗುತ್ತದೆ. ಜಪಾನ್ 1969ರಲ್ಲಿ ಅಲಾಸ್ಕಾದಿಂದ ಮೊದಲ ಹಡಗು ತರಿಸಿತು, ಆಮೇಲೆ ಇಪ್ಪತ್ತು ವರ್ಷದಂಥ ಉದ್ದನೆಯ ಒಪ್ಪಂದಗಳನ್ನು ಮಾಡಿಕೊಂಡಿತು. ಜರ್ಮನಿ ಅಗ್ಗದ ಪೈಪ್‌ಲೈನ್ ನಂಬಿತು. 2021ರಲ್ಲಿ ಅದರ ಗ್ಯಾಸ್ ಆಮದಿನ ಅರ್ಧಕ್ಕಿಂತ ಹೆಚ್ಚು ರಷ್ಯಾದ್ದು. 2022ರಲ್ಲಿ ಅದು ನಿಂತಾಗ ಮನೆಗೆ ಬೆಂಕಿ ಬಿದ್ದ ಮೇಲೆ ಬಾವಿ ತೋಡಿದ ಹಾಗಾಯಿತು. ತೋಡಿದ್ದು ಮಾತ್ರ ಬೇಗ ತೋಡಿದರು. ಆ ಡಿಸೆಂಬರಿಗೇ ವಿಲ್ಹೆಲ್ಮ್ಸ್‌ಹಾವನ್‌ನಲ್ಲಿ ತೇಲುವ ಎಲ್‌ಎನ್‌ಜಿ (ಹೀಗೆ ದ್ರವ ಮಾಡಿದ ಗ್ಯಾಸ್) ಟರ್ಮಿನಲ್ ಶುರುವಾಯಿತು.

ಆದರೆ ಆ ವರ್ಷ ಯುರೋಪ್ ಹೇಳಿದ ಬೆಲೆ ಕೊಟ್ಟು ಹಡಗುಗಳನ್ನು ತನ್ನ ಕಡೆ ಎಳೆದುಕೊಂಡಿತು. ಜುಲೈನಲ್ಲಿ ಪಾಕಿಸ್ತಾನ ಕರೆದ ಎಲ್‌ಎನ್‌ಜಿ ಟೆಂಡರಿಗೆ ಒಬ್ಬರೂ ಬರಲಿಲ್ಲ. ಬಾಂಗ್ಲಾದೇಶ ದುಬಾರಿ ಗ್ಯಾಸ್ ಕೊಳ್ಳಲಾಗದೆ ಕರೆಂಟ್ ಕಡಿತ ಮಾಡಿತು. ಒಂದು ದೇಶದ ಭದ್ರತೆ ಇನ್ನೊಂದರ ಕತ್ತಲೆಯಾಗುವುದಾದರೆ ಅದನ್ನು ಸುಸ್ಥಿರ ಅಂತ ನಾನು ಕರೆಯಲಾರೆ.

ಇದಕ್ಕೆ ಯಾರೋ ಒಬ್ಬರು ಕಾಮೆಂಟ್ ಹಾಕೇ ಹಾಕುತ್ತಾರೆ: "ಸೋಲಾರ್ ಫಲಕವೂ ಚೀನಾದ್ದೇ ತಾನೇ? ಎಣ್ಣೆ ಬಿಟ್ಟು ಅದಕ್ಕೆ ಜೋತುಬಿದ್ದರೆ ಏನು ಬಂತು?" ಫಲಕ ತಯಾರಿಕೆಯ ಪ್ರತಿ ಹಂತದಲ್ಲೂ ಚೀನಾದ ಪಾಲು ಶೇ. 80ಕ್ಕಿಂತ ಹೆಚ್ಚು, ಅದು ನಿಜ. ಆದರೂ ಎರಡೂ ಒಂದೇ ಅಲ್ಲ. ಫಲಕ ಒಮ್ಮೆ ಬಂದರೆ ಸುಮಾರು 25 ವರ್ಷ ಕೆಲಸ ಮಾಡುತ್ತದೆ. ನಾಳೆ ಮಾರಾಟ ನಿಂತರೂ ಚಾವಣಿಯ ಮೇಲಿರುವುದನ್ನು ಯಾರೂ ಆಫ್ ಮಾಡಲು ಬರುವುದಿಲ್ಲ. ಅದೇ ಚೀನಾ ಜಗತ್ತಿನಲ್ಲೇ ಅತಿ ಹೆಚ್ಚು ಕಚ್ಚಾ ತೈಲವನ್ನು ಹೊರಗಿನಿಂದ ಕೊಳ್ಳುವ ದೇಶವೂ ಹೌದು. ವಿದ್ಯುತ್ ಕಾರುಗಳ ಹಿಂದೆ ಅದು ಬಿದ್ದಿರುವುದಕ್ಕೆ ಈ ತಲೆನೋವೂ ಒಂದು ಕಾರಣ.

ಕೊಡುವ ದೇಶಗಳೂ ಈಗ ಮೊದಲಿನ ಹಾಗಿಲ್ಲ. ಇಂಡೋನೇಷ್ಯಾ 2020ರಲ್ಲಿ ನಿಕ್ಕಲ್ ಅದಿರನ್ನು ಹಾಗೇ ಹೊರಗೆ ಕಳಿಸುವುದನ್ನು ನಿಲ್ಲಿಸಿತು. ಬೇಕಾದರೆ ಇಲ್ಲೇ ಬಂದು ಕರಗಿಸುವ ಕಾರ್ಖಾನೆ ಕಟ್ಟಿ ಅಂದಿತು. ಕೊಳ್ಳುವವರು ಗೊಣಗಿದರು, ಆದರೆ ಆ ಬೇಡಿಕೆ ನ್ಯಾಯವಾದದ್ದೇ. ಬೇಜಾರೆಂದರೆ ಆ ಕಾರ್ಖಾನೆಗಳು ಕಲ್ಲಿದ್ದಲು ಸುಟ್ಟು ನಡೆಯುತ್ತಿವೆ, ಗಣಿಗಾಗಿ ಕಾಡು ಹೋಗುತ್ತಿದೆ. ಕೊಳ್ಳುವ ದೇಶಕ್ಕೆ ಇಲ್ಲಿ ಒಂದು ಹಿಡಿತ ಇದೆ: ಹಣದ ಜೊತೆ ಷರತ್ತು ಹಾಕಬಹುದು. ಒಪ್ಪಂದ ಉದ್ದ ಇದ್ದಷ್ಟೂ ಷರತ್ತಿಗೆ ಬೆಲೆ. ಇವತ್ತು ಕೊಂಡು ನಾಳೆ ಮಾಯವಾಗುವ ಗಿರಾಕಿಯ ಮಾತನ್ನು ಯಾರೂ ಕೇಳುವುದಿಲ್ಲ.

ಕೊನೆಗೆ, ಆಗಲೇ ತಂದಿಟ್ಟುಕೊಂಡಿರುವ ಲೋಹ. ಟೋಕಿಯೊ ಒಲಿಂಪಿಕ್ಸ್‌ನ ಸುಮಾರು 5,000 ಪದಕಗಳನ್ನು ಜನ ಎಸೆದ ಮೊಬೈಲ್ ಮತ್ತು ಸಣ್ಣ ಯಂತ್ರಗಳಿಂದ ಮಾಡಿದರು. 62 ಲಕ್ಷ ಮೊಬೈಲ್ ಸೇರಿದಂತೆ ಸುಮಾರು 79,000 ಟನ್ ಹಳೆಯ ಸಾಮಾನಿನಿಂದ ಸಿಕ್ಕ ಚಿನ್ನ 32 ಕಿಲೋ. ಹಳೆಯ ಅಲ್ಯೂಮಿನಿಯಮ್ ಕರಗಿಸಲು ಹೊಸದಕ್ಕೆ ಬೇಕಾದ ಶಕ್ತಿಯ ಶೇ. 5ರಷ್ಟು ಸಾಕು. ಯುರೋಪಿನ ಒಕ್ಕೂಟ 2024ರಲ್ಲಿ ತಂದ ಕಾನೂನಿನ ಗುರಿ, 2030ರೊಳಗೆ ಮುಖ್ಯ ಖನಿಜಗಳ ಬಳಕೆಯಲ್ಲಿ ಶೇ. 25 ಮರುಬಳಕೆಯಿಂದ ಬರಬೇಕು, ಹೊರಗಿನ ಯಾವುದೇ ಒಂದು ದೇಶದಿಂದ ಶೇ. 65ಕ್ಕಿಂತ ಜಾಸ್ತಿ ಬರಬಾರದು. ಅಗತ್ಯ ವರ್ಷ ವರ್ಷ ಏರುತ್ತಿರುವಾಗ ಹಳೆಯದರಿಂದಲೇ ಎಲ್ಲ ಪೂರೈಸಲು ಆಗದು. ಇಪ್ಪತ್ತು ವರ್ಷದ ಹಿಂದೆ ತಂದದ್ದಷ್ಟೇ ಇವತ್ತು ಕೈಗೆ ಬರುವುದು.

ಅದೂ ಬಂದರೆ. ನಮ್ಮ ಮೋಟಾರುಗಳಲ್ಲಿ ಮ್ಯಾಗ್ನೆಟ್ ಕೂರಿಸಲು ಅತಿ ಗಟ್ಟಿಯಾದ ಅಂಟು ಬಳಸುತ್ತಿದ್ದೆವು. ಯಾವತ್ತೂ ಬಿಡಬಾರದು ಅಂತಲೇ ಅದನ್ನು ಆರಿಸಿದ್ದು. ಹಳೆಯ ಮೋಟಾರು ಗುಜರಿಗೆ ಹೋದರೆ ಯಾರೂ ಅದನ್ನು ಬಿಡಿಸುವುದಿಲ್ಲ, ಇಡಿಯಾಗಿ ಪುಡಿ ಮಾಡುತ್ತಾರೆ. ಮ್ಯಾಗ್ನೆಟ್ಟಿನ ಚೂರುಗಳು ಅವುಗಳ ಗುಣದಂತೆ ಉಕ್ಕಿನ ಚೂರಿಗೆ ಅಂಟಿಕೊಂಡು ಉಕ್ಕಿನ ಕುಲುಮೆಗೆ ಹೋಗಿ ಕಸವಾಗುತ್ತವೆ. ಅಂಟಿನ ಬದಲು ಕ್ಲಿಪ್ ಹಾಕೋಣ ಅಂತ ನಾನು ಒಮ್ಮೆ ಮೀಟಿಂಗ್‌ನಲ್ಲಿ ಹೇಳಿದ್ದೆ. ಖರ್ಚು ಜಾಸ್ತಿ ಅಂತ ಎರಡು ನಿಮಿಷದಲ್ಲಿ ಮುಗಿಸಿದರು.