‘ಸಪ್ತಪದಿ’ ಇನ್ನೂ ಏಕೆ ಹಳತಾಗಿಲ್ಲ?

ಆತ್ಮೀಯ ಓದುಗರೆ,

ಕಚೇರಿಯ ಬಂಗಾಳಿ ಗೆಳತಿಯೊಬ್ಬರ ಒತ್ತಾಯಕ್ಕೆ 1961ರ ‘ಸಪ್ತಪದಿ’ ಚಿತ್ರವನ್ನು ನೋಡಿದ ನೀವು, ಸತ್ಯಜಿತ್ ರಾಯ್ ಅವರಂಥ ನಿರ್ದೇಶಕರನ್ನು ಕೊಟ್ಟ ನಾಡು ಇಷ್ಟೊಂದು ಕಣ್ಣೀರು ಮತ್ತು ಕಾಕತಾಳೀಯ ತುಂಬಿದ ಚಿತ್ರವನ್ನು ಇಂದಿಗೂ ಏಕೆ ಮೆರೆಸುತ್ತಿದೆ ಎಂದು ಕೇಳಿದ್ದೀರಿ.

ಕಾಕತಾಳೀಯದ ಮಾತನ್ನು ಒಪ್ಪುತ್ತೇನೆ. ಮಹಾಯುದ್ಧದ ಗದ್ದಲದಲ್ಲಿ, ಕುಡಿದು ಮೈಮರೆತ ನಾಯಕಿ ರೀನಾ ಬ್ರೌನ್, ಈಗ ಪಾದ್ರಿಯಾಗಿರುವ ಹಳೆಯ ಪ್ರೇಮಿ ಕೃಷ್ಣೇಂದುವಿನ ಆರೈಕೆಗೇ ಬಂದು ಸೇರುವುದು ನಂಬಲು ಕಷ್ಟ. ಆದರೆ ಅವರಿಬ್ಬರೂ ಅಗಲಿದ್ದು ಆಕಸ್ಮಿಕವಾಗಿ ಅಲ್ಲ. ಆಂಗ್ಲೋ ಇಂಡಿಯನ್ ಹುಡುಗಿಯನ್ನು ಮದುವೆಯಾಗಲು ಬ್ರಾಹ್ಮಣ ಮನೆತನದ ವೈದ್ಯ ವಿದ್ಯಾರ್ಥಿ ತನ್ನ ಮತವನ್ನೇ ಬಿಡಲು ಸಿದ್ಧನಾದಾಗ, ಅವನ ತಂದೆ ಅವಳ ಬಳಿಗೇ ಹೋಗಿ ಮಗನನ್ನು ಬಿಟ್ಟುಕೊಡುವಂತೆ ಬೇಡುತ್ತಾರೆ. ಅವಳು ಮಾತು ಕೊಡುತ್ತಾಳೆ. ಛಬಿ ಬಿಸ್ವಾಸ್ ನಟಿಸಿದ ಆ ತಂದೆ ಖಳನಾಯಕನಲ್ಲ, ನೊಂದ ಮುದುಕ. ದ್ವೇಷಿಸಲು ಯಾರೂ ಸಿಗದ ಈ ದುಃಖವೇ ಚಿತ್ರದ ನಿಜವಾದ ಬಲವೆಂದು ನನಗೆ ಅನ್ನಿಸುತ್ತದೆ. ಮೂಲ ಕಾದಂಬರಿಯನ್ನು ಬರೆದವರು ತಾರಾಶಂಕರ ಬಂದ್ಯೋಪಾಧ್ಯಾಯ. ನಮ್ಮ ಕುವೆಂಪು ಅವರಿಗಿಂತ ಒಂದು ವರ್ಷ ಮೊದಲು, 1966ರ ಜ್ಞಾನಪೀಠ ಪಡೆದವರು.

ಕಾಲೇಜಿನಲ್ಲಿ ಆಡುವ ಷೇಕ್ಸ್‌ಪಿಯರ್‌ನ ‘ಒಥೆಲೊ’ ನಾಟಕದ ದೃಶ್ಯವನ್ನು ಮತ್ತೊಮ್ಮೆ ನೋಡಿ. ಕೃಷ್ಣೇಂದು ತನ್ನನ್ನು ಮುಟ್ಟಕೂಡದೆಂದು ಷರತ್ತು ಹಾಕಿದ ರೀನಾ, ರಂಗದ ಮೇಲೆ ಅವನ ಎದುರು ಒಥೆಲೊನ ಹೆಂಡತಿ ಡೆಸ್ಡೆಮೋನಾ ಆಗಿರುತ್ತಾಳೆ. ತೆರೆಯ ಮೇಲಿನ ಮುಖಗಳು ಉತ್ತಮ್ ಕುಮಾರ್ ಮತ್ತು ಸುಚಿತ್ರಾ ಸೇನ್ ಅವರದು, ಕೇಳುವ ಇಂಗ್ಲಿಷ್ ದನಿಗಳು ಉತ್ಪಲ್ ದತ್ ಮತ್ತು ಜೆನಿಫರ್ ಕೆಂಡಾಲ್ ಅವರದು. ಹಾಗಿದ್ದೂ ಅವಳ ಕಣ್ಣಿನಲ್ಲಿ ತಿರಸ್ಕಾರ ಕರಗುವುದನ್ನು ನಾವು ಅನುಮಾನಕ್ಕೆ ಎಡೆಯಿಲ್ಲದಂತೆ ಕಾಣುತ್ತೇವೆ. ನಿರ್ದೇಶಕ ಅಜಯ್ ಕರ್ ಮೊದಲು ಛಾಯಾಗ್ರಾಹಕರಾಗಿದ್ದವರು. ಮುಖದ ಮೇಲೆ ಬೆಳಕು ಎಲ್ಲಿ ಬಿದ್ದರೆ ಮಾತು ಬೇಡವಾಗುತ್ತದೆ ಎಂಬುದು ಅವರಿಗೆ ಗೊತ್ತಿತ್ತು.

ಇನ್ನು ಮೋಟಾರ್ ಸೈಕಲ್ಲಿನ ಆ ಹಾಡು. ಈ ದಾರಿ ಮುಗಿಯದೇ ಇದ್ದರೆ ಹೇಗಿರುತ್ತಿತ್ತು, ಹೇಳು ಎಂದು ಹೇಮಂತ ಮುಖರ್ಜಿಯವರ ಕಂಠದಲ್ಲಿ ಅವನು ಕೇಳುತ್ತಾನೆ. ಹಿಂದೆ ಕುಳಿತ ಅವಳು ಉತ್ತರ ಕೊಡದೆ, ನೀನೇ ಹೇಳು ಎನ್ನುತ್ತಾಳೆ. ಸಂಧ್ಯಾ ಮುಖರ್ಜಿಯವರ ಪಾಲಿಗೆ ಬಂದದ್ದು ಹೆಚ್ಚಾಗಿ ಗುನುಗು ಮಾತ್ರ. ಅಷ್ಟರಲ್ಲೇ ಅವರು ಆ ಹುಡುಗಿಯ ಸಂತೋಷವನ್ನೆಲ್ಲ ಹಾಡಿಬಿಟ್ಟಿದ್ದಾರೆ.

ರಾಯ್ ಅವರ ಹೆಸರೆತ್ತಿದ್ದೀರಿ. 1966ರಲ್ಲಿ ‘ನಾಯಕ್’ ತೆಗೆದಾಗ ತಾರಾನಟನ ಪಾತ್ರಕ್ಕೆ ಅವರು ಆರಿಸಿಕೊಂಡದ್ದು ಇದೇ ಉತ್ತಮ್ ಕುಮಾರ್ ಅವರನ್ನು. 1980ರಲ್ಲಿ ತೀರಿಕೊಂಡ ಆ ನಟನ ಹೆಸರನ್ನು ಇಂದು ಕೋಲ್ಕತ್ತಾದ ಟಾಲಿಗಂಜ್ ಮೆಟ್ರೊ ನಿಲ್ದಾಣ ಹೊತ್ತಿದೆ. ಹಾಗಾಗಿ ಕಲಾತ್ಮಕ ಚಿತ್ರದ ಬಂಗಾಳ, ಕಣ್ಣೀರಿನ ಬಂಗಾಳ ಎಂದು ಎರಡನ್ನು ಬೇರೆ ಮಾಡಿ ನೋಡಬೇಡಿ ಎಂಬುದು ನನ್ನ ಕೋರಿಕೆ. ಒಥೆಲೊ ದೃಶ್ಯವನ್ನು ಮತ್ತೆ ನೋಡಿದ ಮೇಲೂ ನಿಮ್ಮ ಆಕ್ಷೇಪ ಉಳಿದಿದ್ದರೆ ದಯವಿಟ್ಟು ಬರೆಯಿರಿ, ಪ್ರಕಟಿಸುತ್ತೇನೆ.

– ಸಂಪಾದಕ